ಬೆಕ್ಕು ಮಲಗಿದೆ, ಕಾಗದ ಹೊರಟಿದೆ

ಪುಟ್ಟೀ,

ಕಂಪ್ಯೂಟರ್ ಮೇಜು ಒರೆಸುತ್ತಿದ್ದೆ, ಅಷ್ಟರಲ್ಲಿ ಪರದೆಯ ಮೇಲೆ ನಿನ್ನ ಆಟದ ಬೆಕ್ಕು ಹಸಿವೆಂದು ಅಳತೊಡಗಿತು. ಮೀನು ತಿನ್ನಿಸಿ ಸ್ನಾನ ಮಾಡಿಸಿದೆ. ಮಲಗಲಿ ಎಂದು ಕೋಣೆಯ ದೀಪ ಆರಿಸಿ, ಕಿಟಕಿ ಮುಚ್ಚಿ, ಅರ್ಧ ಗಂಟೆ ಕತ್ತಲಲ್ಲಿ ಕೂತೆ. ಅದು ಕಣ್ಣು ಪಿಳಿಪಿಳಿ ಬಿಡುತ್ತಲೇ ಇತ್ತು. ಆಮೇಲೆ ನೋಡಿದರೆ, ಆರಿಸಬೇಕಾದ ದೀಪ ಆಟದೊಳಗೇ ಇದೆ! ನಗಬೇಡ. ಮೊಬೈಲು ಅಜ್ಜಿಯ ಕಣ್ಣಿಗೆ ಚಿಕ್ಕದಾಯಿತೆಂದು ಈ ಆಟವನ್ನು ಕಂಪ್ಯೂಟರಿಗೆ ಹಾಕಿಕೊಟ್ಟವಳು ನೀನೇ.

ಈಗ ಮಲಗಿದೆ, ಎಬ್ಬಿಸಬೇಡ. ನಿನ್ನ ಊಟ ಮುಚ್ಚಿಟ್ಟಿದ್ದೇನೆ.

ಒಂದು ಹೊತ್ತು ವಿಚಾರಿಸದಿದ್ದರೆ ಆ ಚಿತ್ರದ ಬೆಕ್ಕೇ ಮುಖ ಸಣ್ಣ ಮಾಡುತ್ತದೆ. ನಾನು ಜಗಳವಾಡಿ ಒಡಹುಟ್ಟಿದ ತಂಗಿಯನ್ನು ಆರು ವರ್ಷ ಮಾತಾಡಿಸಲಿಲ್ಲ. ರಾತ್ರಿ ಶಾಲೆಯಲ್ಲಿ ಅಕ್ಷರ ಕಲಿತು ಅವಳಿಗೆ ಬರೆದ ಕಾಗದ ಇದೇ ಮೇಜಿನ ಡ್ರಾಯರಿನಲ್ಲಿ ಕೊಳೆಯುತ್ತಿತ್ತು. ಅಂಚೆಗೆ ಹಾಕಲು ಹೊರಟಿದ್ದೇನೆ. ನೀನು ಇದನ್ನು ಓದುವಷ್ಟರಲ್ಲಿ ಡಬ್ಬಿಯೊಳಗೆ ಬಿದ್ದಿರುತ್ತದೆ, ಇನ್ನು ಹಿಂದಕ್ಕೆ ತೆಗೆಯಲಾರೆ.

ಅಜ್ಜಿ