ಅಮ್ಮನ ತಾಮ್ರದ ಚೊಂಬು

ಲೇಡೀಸ್ ಹಾಸ್ಟೆಲ್, ಚಾಮರಾಜನಗರ
ಬುಧವಾರ

ತೆರಕಣಾಂಬಿಯ ಗುರುಮಲ್ಲಯ್ಯ ತಾತನವರಿಗೆ ರಂಜಿನಿಯ ನಮಸ್ಕಾರಗಳು.

ಸಾರಿ ತಾತ, ರಸಸಿದ್ಧರ ಸಂಘದ ಗುಟ್ಟನ್ನು ಕಾಗದದಲ್ಲಿ ಬರೆಯಬಾರದೆಂಬ ರೂಲ್ಸ್ ಗೊತ್ತು. ಆದರೆ ಒಲೆ ಹೊತ್ತಿಸಿದ ಮೇಲೆ ನೀವು ಫೋನ್ ಮುಟ್ಟುವುದಿಲ್ಲವಲ್ಲ.

ಸಂಘ ಸೇರುವವರು ಮನೆಯ ತಾಮ್ರದ ಪಾತ್ರೆಯೊಂದನ್ನು ಕೊಡಬೇಕೆಂದು ನೀವು ಹೇಳಿದಾಗ ಅಮ್ಮನ ಚೊಂಬನ್ನೇ ತಂದುಕೊಟ್ಟೆ. ಅದು ಚಿನ್ನವಾಗುವುದನ್ನು ನೋಡುವ ಆಸೆಯಿತ್ತು. ಮೊನ್ನೆ, ನನಗಿಂತ ಮುಂಚೆ ಸಂಘ ಸೇರಿದ ಮಾದೇಶಣ್ಣ ಬಸ್ ಸ್ಟ್ಯಾಂಡಿನಲ್ಲಿ ಸಂಘದಿಂದ ವಾಪಸ್ ಬಂದ ತನ್ನ ತಟ್ಟೆ ತೋರಿಸಿದ. ಪೂರ್ತಿ ಚಿನ್ನ, ನಿಜ. ಆದರೆ ಅದರ ಮೇಲಿದ್ದ ಅವನ ಅಜ್ಜಿಯ ಹೆಸರು ಅಳಿಸಿಹೋಗಿತ್ತು.

“ಚಿನ್ನ ಆದ್ಮೇಲೆ ಎಸ್ರು ಯಾಕಮ್ಮಿ, ತಟ್ಟೆಗೇನು ಅಟೆಂಡೆನ್ಸ್ ಕೂಗ್ಬೇಕಾ?” ಎಂದು ನಕ್ಕ.

ನನಗೆ ನಗು ಬರಲಿಲ್ಲ. ನಮ್ಮ ಚೊಂಬಿನ ಮೇಲೆ ‘ನಾಗಲಕ್ಷ್ಮಿ’ ಎಂದು ಅಮ್ಮನ ಹೆಸರಿದೆ. ಅಮ್ಮ ಹೋದ ಮೇಲೆ, ಐದನೇ ಕ್ಲಾಸಿನಿಂದಲೂ, ಪರೀಕ್ಷೆಗೆ ಹೊರಡುವ ಮುಂಚೆ ಆ ಅಕ್ಷರಗಳ ಮೇಲೆ ಬೆರಳಾಡಿಸುತ್ತಿದ್ದೆ. ಸೋಮವಾರದಿಂದ ಇಂಟರ್ನಲ್ಸ್ ಶುರು. ಟ್ರಂಕಿನಲ್ಲಿ ಚೊಂಬಿನ ಜಾಗ ಖಾಲಿ ಇದೆ.

ದಯವಿಟ್ಟು ಅದನ್ನು ಒಲೆಗಿಡಬೇಡಿ. ನನ್ನನ್ನು ಸಂಘಕ್ಕೆ ಸೇರಿಸದಿದ್ದರೂ ಪರವಾಗಿಲ್ಲ. ಈಗಾಗಲೇ ಚಿನ್ನವಾಗಿದ್ದರೆ, ಅದನ್ನು ಮತ್ತೆ ತಾಮ್ರ ಮಾಡಲು ನಿಮಗೆ ಬರುತ್ತದಾ ತಾತ?

ಬೇಗ ಉತ್ತರ ಬರೆಯಿರಿ.

ನಿಮ್ಮ
ರಂಜಿನಿ