ಹೇಳಬಾರದ ಮಾತು

ಲೈಪ್ಜಿಗ್
೧೪ ನವೆಂಬರ್ ೨೦೧೭, ಮಂಗಳವಾರ

ಪ್ರೀತಿಯ ರೋಸ್ವಿತಾ,

ಹನ್ನೊಂದು ವರ್ಷದ ಮೇಲೆ ನನ್ನ ಅಕ್ಷರ ಕಂಡೆಯೆಂದು ಇದನ್ನು ಕಸದ ಬುಟ್ಟಿಗೆ ಹಾಕಬೇಡ. ಪೂರ್ತಿ ಓದು, ಆಮೇಲೆ ಬೇಕಾದರೆ ಹಾಕು. ಫೋನು ಮಾಡಬಹುದಿತ್ತು, ನಿನ್ನ ತಂಗಿ ಎತ್ತಿಕೊಂಡರೆ ನನ್ನ ಜನ್ಮ ಜಾಲಾಡಿಬಿಡುತ್ತಾಳೆಂದು ಹೆದರಿದೆ.

ನನಗೊಂದು ದೊಡ್ಡ ಪಾತ್ರ ಸಿಕ್ಕಿದೆ. ನಗಬೇಡ. ಇಷ್ಟು ವರ್ಷ ಟೀವಿಯಲ್ಲಿ ನಾನು ಮಾಡಿದ್ದೇನು? ಪೊಲೀಸರು ಬೆಲ್ ಒತ್ತಿದಾಗ ಸ್ವೆಟರ್ ಹಾಕಿಕೊಂಡು ಬಂದು, "ಪಕ್ಕದ್ಮನೆಯವ್ರಾ? ಒಳ್ಳೆ ಜನ ಸಾರ್, ಯಾರ ತಂಟೆಗೂ ಹೋಗ್ತಿರ್ಲಿಲ್ಲ" ಅನ್ನುವವನು. ಏಳು ಸಲ ಕೊಲೆಯಾಗಿದ್ದೇನೆ, ಎರಡೇ ಸಲ ಕೊಲೆ ಮಾಡಿದ್ದೇನೆ. ಬೇಕರಿಯ ಹೆಂಗಸು ಈಗಲೂ, "ನಿಮ್ಮನ್ನ ಎಲ್ಲೋ ನೋಡಿದೀನಲ್ಲ, ನೀವು ನಮ್ಮ ಹಳೇ ಪೋಸ್ಟ್‌ಮ್ಯಾನ್ ಅಲ್ವಾ?" ಅನ್ನುತ್ತಾಳೆ. ಹೂಂ ಅಂದುಬಿಡುತ್ತೇನೆ.

ಈಗ ಎಪ್ಪತ್ತೊಂದನೆಯ ವಯಸ್ಸಿಗೆ ಫ್ರೌಕೆ ಎಂಬ ನಿರ್ದೇಶಕಿ ಕರೆದು ನಿವೃತ್ತ ನ್ಯಾಯಾಧೀಶನ ಪಾತ್ರ ಕೊಟ್ಟಿದ್ದಾಳೆ. ಇಡೀ ಚಿತ್ರ ಅವನದೇ. ನಿರಪರಾಧಿಯನ್ನು ಜೈಲಿಗೆ ಕಳಿಸಿದೆನೆಂದು ಅವನು ಕೊನೆಯಲ್ಲಿ ಒಪ್ಪಿಕೊಳ್ಳುವ ಮಾತು ಒಂಬತ್ತು ಪುಟ. ಎಲ್ಲೂ ನಿಲ್ಲಿಸದೆ ಒಂದೇ ಸಲಕ್ಕೆ ಚಿತ್ರೀಕರಿಸುತ್ತಾಳಂತೆ. ಬರುವ ಸೋಮವಾರ, ಗೋರ್ಲಿಟ್ಸ್‌ನಲ್ಲಿ.

ರೋಸ್ವಿತಾ, ನನಗೆ ಮಾತು ನೆನಪಿನಲ್ಲಿ ನಿಲ್ಲುತ್ತಿಲ್ಲ. ಬೆಳಿಗ್ಗೆ ಕಲಿತದ್ದು ಊಟದ ಹೊತ್ತಿಗೆ ಮಾಯ. ಹೋದ ಗುರುವಾರ ತಾಲೀಮಿನಲ್ಲಿ ನಾಲ್ಕನೇ ಸಾಲಿಗೇ ತಡವರಿಸಿದೆ. ಎದುರಿಗಿದ್ದವನು ನಮ್ಮ ಹಾಲೆ ಊರಿನ ನಾಟಕಶಾಲೆಯ ಬೆರ್ನ್ಟ್. "ನೀನು ತಪ್ಪು ಸಾಲು ಕೊಟ್ಟೆ!" ಎಂದು ಅವನ ಮೇಲೆ ಹರಿಹಾಯ್ದೆ. ಫ್ರೌಕೆ ಎಲ್ಲರೆದುರಿಗೆ ಅವನನ್ನೇ ಬೈದಳು. ಅವನು ಬೈಸಿಕೊಂಡು ಸಾಲನ್ನು ಇನ್ನೊಮ್ಮೆ ಕೊಟ್ಟ. ಆಮೇಲೆ ನನ್ನ ಕೋಟಿನ ಗುಂಡಿ ಹಾಕುತ್ತಾ ಮೆಲ್ಲಗೆ, "ನಾನು ಸರಿಯಾಗೇ ಹೇಳ್ದೆ ಕಣೋ. ಡಾಕ್ಟ್ರನ್ನ ನೋಡು, ಹಟ ಮಾಡ್ಬೇಡ" ಅಂದ. ನಾಚಿಕೆಯಿಂದ ಸತ್ತೆ.

ಸುಸ್ತು, ಅಷ್ಟೇ, ಎಂದು ನಿನಗೆ ಬರೆಯಬೇಕೆಂದಿದ್ದೆ. ಸುಳ್ಳು ಯಾಕೆ? ಮಾರನೆಯ ದಿನವೇ ಡಾಕ್ಟರಲ್ಲಿಗೆ ಹೋದೆ. ಆಕೆ ಗಡಿಯಾರದ ಚಿತ್ರ ಬರೆಯಿರಿ ಅಂದಳು. ಹನ್ನೆರಡು ಅಂಕಿಯನ್ನೂ ಒಂದೇ ಪಕ್ಕಕ್ಕೆ ಬರೆದಿದ್ದೆ. ಈ ಮರೆವು ವಾಸಿಯಾಗುವಂಥದ್ದಲ್ಲವಂತೆ. "ಸೋಮವಾರದ ತನಕ ತಡೆಯುತ್ತಾ?" ಎಂದು ಕೇಳಿದೆ. ಆಕೆ ಮುಂದಿನ ತಪಾಸಣೆಯ ದಿನ ಬರೆದುಕೊಟ್ಟಳು. ಫ್ರೌಕೆಗೆ ಗೊತ್ತಾದರೆ ಚಿತ್ರದ ವಿಮೆಯವರು ಅಂದೇ ನನ್ನನ್ನು ಕಿತ್ತುಹಾಕುತ್ತಾರೆ. ನನಗೆ ಬೇರೆ ಕಸುಬು ಬರುವುದಿಲ್ಲ. ಇದು ಹೋದರೆ ಜನರ ನೆನಪಿನಲ್ಲಿ ನಾನು ಆ ಪೋಸ್ಟ್‌ಮ್ಯಾನೇ.

ಕಿವಿಯೊಳಗೆ ಬಟಾಣಿಯಷ್ಟು ಚಿಕ್ಕ ಯಂತ್ರ ಇಟ್ಟುಕೊಂಡರೆ ಪಕ್ಕದ ಕೋಣೆಯಲ್ಲಿ ಪರದೆಯ ಮೇಲೆ ನನ್ನನ್ನು ನೋಡುತ್ತಾ ಯಾರಾದರೂ ಮಾತು ಎತ್ತಿಕೊಡಬಹುದು. ವಯಸ್ಸಾದ ನಟರು ಎಷ್ಟೋ ಜನ ಇಟ್ಟುಕೊಳ್ಳುತ್ತಾರೆ, ಫ್ರೌಕೆ ಒಪ್ಪಿದ್ದಾಳೆ. ಬೆರ್ನ್ಟ್ ಪ್ರಯತ್ನಿಸಿದ, ನಾನು ಬೇಕೆಂದೇ ಸುಮ್ಮನಾದಾಗ ಗಾಬರಿಬಿದ್ದು ನುಗ್ಗುತ್ತಾನೆ, ನಿಜಕ್ಕೂ ಮರೆತಾಗ ಬಾಯಿ ಬಿಡದೆ ಕಾಯುತ್ತಾನೆ. ಹಾಲೆಯಲ್ಲಿ ಮೊದಲ ಸಾಲಿನ ಮೂಲೆಯಲ್ಲಿ ತೊಡೆಯ ಮೇಲೆ ಪುಸ್ತಕ ಇಟ್ಟುಕೊಂಡು, ಮಾತು ಎತ್ತಿಕೊಡುವ ಪ್ರಾಂಪ್ಟರಾಗಿ ಹತ್ತೊಂಬತ್ತು ವರ್ಷ ಕೂತೆಯಲ್ಲ ನೀನು, ನನ್ನ ಹೆಬ್ಬೆರಳು ನೋಡಿಯೇ ಯಾವುದು ನಟನೆ, ಯಾವುದು ಮರೆವು ಎಂದು ಹೇಳುತ್ತಿದ್ದೆ. ಒಂದು ಸಲವೂ ತಪ್ಪಲಿಲ್ಲ.

ಅಂಥವಳ ಬಗ್ಗೆ ನನ್ನ ಅರವತ್ತನೇ ಹುಟ್ಟುಹಬ್ಬಕ್ಕೆ ಪತ್ರಿಕೆಯವನ ಹತ್ತಿರ ಏನು ಹೇಳಿದೆ! "ಪ್ರಾಂಪ್ಟರಾ? ಜೀವಮಾನದಲ್ಲಿ ನನಗೆ ಬೇಕಾಗಿಲ್ಲ." ನೀನು ಅದನ್ನು ಕತ್ತರಿಸಿ ಫ್ರಿಜ್ಜಿಗೆ ಅಂಟಿಸಿ ತಂಗಿಯಿದ್ದ ರೋಸ್ಟಾಕಿನ ರೈಲು ಹತ್ತಿದೆ. ಸರಿಯಾಗೇ ಮಾಡಿದೆ.

ಪ್ರತಿ ಆಟಕ್ಕೆ ಮುಂಚೆ ಶುಭವಾಗಲೆಂದು ನೀನು ನನ್ನ ಎಡಭುಜದ ಮೇಲಿಂದ ಮೂರು ಸಲ ಥೂ ಥೂ ಥೂ ಎಂದು ಉಗುಳುತ್ತಿದ್ದುದು ನೆನಪಿದೆ. ಅದಕ್ಕೆ ಧನ್ಯವಾದ ಹೇಳಿದರೆ ಆಟ ಕೆಡುತ್ತದೆಂದು ನಮ್ಮ ನಾಟಕದವರ ನಂಬಿಕೆ. ಮೊದಲ ವರ್ಷ ನಾನು ಬಾಯಿ ತೆರೆದಾಗ ಉಡುಪಿನ ಕೋಣೆಯ ಮುದುಕಿ, "ಮುಚ್ಚೋ ಬಾಯಿ! ನಾಟಕ ಮುಳುಗಿಸ್ತೀಯಾ?" ಎಂದು ಕೈ ಅಡ್ಡ ಹಿಡಿದಿದ್ದಳು. ಆಮೇಲೆ ನಾನು ಆ ನಿಯಮವನ್ನು ಮನೆಗೂ ತಂದೆ. ನೀನು ಸೂಪು ಬಡಿಸಿದಾಗಲೂ, ಜ್ವರದಲ್ಲಿ ಆರೈಕೆ ಮಾಡಿದಾಗಲೂ ಬಾಯಿ ತೆರೆಯಲಿಲ್ಲ. ನನಗೆ ಅದು ಅನುಕೂಲವಾಗಿತ್ತು, ಅಷ್ಟೇ.

ಬಾ ರೋಸ್ವಿತಾ. ಹೆಂಡತಿಯಾಗಿ ಬೇಡ, ಆ ಹಕ್ಕು ನನಗಿಲ್ಲ. ಒಂಬತ್ತು ಪುಟಕ್ಕೆ ಮಾತ್ರ ಬಾ. ಭಾನುವಾರ ಸಂಜೆ ಗೋರ್ಲಿಟ್ಸ್ ನಿಲ್ದಾಣದಲ್ಲಿ ಕಾಯುತ್ತೇನೆ. ನಾನು ಮರೆತರೂ ಬೆರ್ನ್ಟ್ ಮರೆಯುವುದಿಲ್ಲ.

ನಿನ್ನ
ವೋಲ್ಕರ್

ಮರೆತದ್ದು: ಅಂಚೆಚೀಟಿಗೆಂದು ಡ್ರಾಯರ್ ಎಳೆದರೆ ನಿನ್ನ ಹೆಸರಿನ ಎರಡು ಲಕೋಟೆ ಇದ್ದವು. ಒಂದು ಶನಿವಾರದ್ದು, ಒಂದು ಭಾನುವಾರದ್ದು. ನನ್ನದೇ ಅಕ್ಷರ. ಬರೆದ ನೆನಪು ಚೂರೂ ಇಲ್ಲ. ಒಡೆದು ಓದಿದೆ. ಇದೇ ನ್ಯಾಯಾಧೀಶ, ಇದೇ ಗಡಿಯಾರ, ಇದೇ ಉಗುಳು, ಕೊನೆಯಲ್ಲಿ ಬಾ ಎಂಬ ಇದೇ ಗೋಗರೆತ. ಆ ಒಂದು ಮಾತನ್ನು ಎರಡರಲ್ಲೂ ನಿನಗೆ ಹೇಳಿಲ್ಲ. ಇದರಲ್ಲೂ ಹೇಳಿಲ್ಲ, ಈಗ ತಿರುವಿ ನೋಡಿದೆ. ಸೋಮವಾರ ಮುಳುಗಿದರೆ ಮುಳುಗಲಿ. ನೀನು ಬರದಿದ್ದರೂ ಸರಿ. ಇದೂ ಮರೆತುಹೋಗುವ ಮೊದಲು ಬರೆದುಬಿಡುತ್ತೇನೆ: ಧನ್ಯವಾದ, ರೋಸ್ವಿತಾ.