ಅಂತಃಪುರದ ಚಿಲಕ

ಮಾರ್ಚ್ 3, ಮಧ್ಯಾಹ್ನ
ಅಂಗಡಿಯಲ್ಲಿ ಗಿರಾಕಿ ಇಲ್ಲ. ಮೂರು ಕನ್ನಡಕಕ್ಕೆ ಗ್ಲಾಸ್ ಕೂರಿಸಿದೆ. ಹೆಂಡತಿಯ ಹಳೇ ಲ್ಯಾಬ್ ಕೋಟು ಕತ್ತರಿಸಿ ಮಾಡಿದ ಬಟ್ಟೆಯಲ್ಲಿ ಒರೆಸಿಟ್ಟೆ. ಆಮೇಲೆ ಮೊಬೈಲಿನಲ್ಲಿ ನನ್ನ ಧಾರಾವಾಹಿಯ ನಲವತ್ತನೇ ಕಂತು ಬರೆದು ಹಾಕಿದೆ. ನನ್ನ ವೀರ ಏಳನೇ ರಾಣಿಯನ್ನೂ ರಾಕ್ಷಸನಿಂದ ಬಿಡಿಸಿ ತಂದು ಅಂತಃಪುರದಲ್ಲಿಟ್ಟ. ಓದುಗರು ಕುಣಿದಾಡುತ್ತಿದ್ದಾರೆ. ಮನೆಯಲ್ಲಿ ಒಬ್ಬಳೇ ರಾಣಿ — ಅವಳಿಗೆ ಗೊತ್ತಾದರೆ ನನ್ನ ಕಥೆ ಮುಗಿಯಿತು.

ಮಾರ್ಚ್ 4
‘ಚಾಳೀಸು’ ಅನ್ನುವ ಯಾರದೋ ಕಾಮೆಂಟ್: “ಅಂತಃಪುರದ ಚಿಲಕ ಒಳಗಿದೆಯೋ, ಹೊರಗೋ?”
ಹೊರಗೆ. ರಕ್ಷಣೆಗೆ, ಅಂತ ಬರೆದೆ.
“ರಾಕ್ಷಸನೂ ಹೊರಗೇ ಹಾಕಿದ್ದನಲ್ಲ?”
ಸಿಟ್ಟು ಬಂತು. ಮೊಬೈಲ್ ಮಗುಚಿಟ್ಟೆ.

ಮಾರ್ಚ್ 9
ಅತ್ತೆ ಅಂಗಡಿಗೇ ಬಂದರು. “ಅಳಿಯಂದಿರೇ, ಈ ಚಾಳೀಸಲ್ಲಿ ಪೇಪರ್ ಕಾಣುತ್ತೆ, ಮೊಬೈಲ್ ಕಾಣಲ್ಲ.” ಪವರ್ ಬದಲಾಯಿಸಿ ಕೊಟ್ಟೆ. ಮೊಬೈಲ್ ತೆಗೆದು ಗಟ್ಟಿಯಾಗಿ ಓದಿದರು — ನನ್ನ ಮೂರನೇ ರಾಣಿಯ ಮಾತು. “‘ನನ್ನದೇನಿದೆ, ನಿಮ್ಮಿಷ್ಟ.’ ಇದು ನನ್ನ ಮಗಳ ಮಾತಲ್ವಾ?”
ಹೋದ ವರ್ಷ ಅವಳು ಹಾಗಂದದ್ದು ನಿಜ. ಪಾಪ, ದಣಿಯುತ್ತಾಳೆ ಅಂತ ಲ್ಯಾಬ್ ಕೆಲಸ ಬಿಡಿಸಿದ್ದೆ. ಕಾಪಾಡಿದೆ ಅಂದುಕೊಂಡಿದ್ದೆ… ಅವಳನ್ನು ಕೇಳಿರಲಿಲ್ಲ.
“ಅವಳಿಗೆ ಹೇಳ್ಬೇಡಿ ಅತ್ತೆ.”
“ನಾನ್ಯಾಕೆ ಹೇಳಲಿ? ಭಾನುವಾರದೊಳಗೆ ನೀವೇ ಹೇಳಿ. ಮೊದಲು ಆ ಚಿಲಕ ಸರಿಮಾಡಿ.”

ಮಾರ್ಚ್ 13
ನಲವತ್ತೊಂದನೇ ಕಂತು. ಚಿಲಕ ಒಳಗೆ ಹಾಕಿಸಿದೆ. ಆರು ರಾಣಿಯರು ಗಂಟುಮೂಟೆ ಕಟ್ಟಿದರು. ನಾಲ್ಕನೆಯವಳು ಹೋಗುವಾಗ ವೀರನ ಕುದುರೆಯನ್ನೂ ಹೊಡೆದುಕೊಂಡು ಹೋದಳು. ಓದುಗರಿಂದ ಹಿಡಿಶಾಪ — ಇವನೆಂಥ ವೀರ? ಮೂರನೆಯವಳದು ಬರೆಯಲು ಕೈ ಬರಲಿಲ್ಲ.

ಮಾರ್ಚ್ 15, ಭಾನುವಾರ ಸಂಜೆ
ಬೆಳಿಗ್ಗೆಯೇ ಹೆಂಡತಿಗೆ ಹೇಳಿಬಿಟ್ಟೆ. ಇಡೀ ದಿನ ಕೂತು ಓದಿದಳು. ನನಗೆ ಕಾಫಿ ಇಲ್ಲ. ಅತ್ತೆ ಪೇಪರ್ ತಲೆಕೆಳಗಾಗಿ ಹಿಡಿದು ಕೂತಿದ್ದರು.
“ಏಳು ಜನರ ಬಟ್ಟೆ ಯಾರು ಒಗೀತಾರೆ?” ಅಂದಳು. ಆಮೇಲೆ, “ಮೂರನೆಯವಳು ಏನ್ಮಾಡ್ತಾಳೆ?”
ಉಳಿಯುತ್ತಾಳೆ ಅನ್ನುವುದು ನಾಲಿಗೆಯ ತುದಿಯಲ್ಲಿತ್ತು. ನುಂಗಿಕೊಂಡೆ. “ನೀನೇ ಹೇಳು. ವಾಪಸ್ ಲ್ಯಾಬಿಗೆ ಹೋಗ್ತೀಯಾ?”
ಎದ್ದು ರೂಮಿಗೆ ಹೋದಳು. ಒಳಗಿನಿಂದ ಚಿಲಕ ಬಿತ್ತು. ತುಂಬ ಹೆದರಿಕೆಯಾಯಿತು.
“ತಟ್ಟಿ, ಅಳಿಯಂದಿರೇ,” ಪೇಪರಿನ ಹಿಂದಿನಿಂದ ಅತ್ತೆ.
ತಟ್ಟಿದೆ.
“ಇರೀ ಸ್ವಲ್ಪ…” ಅಂದಳು. ನಗುತ್ತಿದ್ದಾಳೋ ಅಳುತ್ತಿದ್ದಾಳೋ ತಿಳಿಯಲಿಲ್ಲ. “ನನ್ನ ಲ್ಯಾಬ್ ಕೋಟು ಎಲ್ಲಿಟ್ಟಿದ್ದೀರಿ? ನಾಳೆಗೆ ಬೇಕು.”
ಕೋಟು… ಕನ್ನಡಕ ಒರೆಸಲು ಅದನ್ನು ನಾನು —